ಮೇಡಂ ಬೆನ್ನು

ಹಿಂದಿ ಚಿತ್ರರಂಗವನ್ನು ಒಂದು ಕಾಲಕ್ಕೆ ಆಳಿದ ನಟಿಯೊಬ್ಬರ ನಡಿಗೆಯ ಬಗ್ಗೆ, ಬೆನ್ನಿನ ಬಗ್ಗೆ ಪತ್ರಿಕೆಗಳು ಬರೆದದ್ದೇ ಬರೆದದ್ದು. ಪಾಪ, ಅವಕ್ಕೇನು ಗೊತ್ತು! ಆ ಬೆನ್ನು, ಸ್ಟುಡಿಯೋದವರು ಡೂಪಕ್ಕ ಎಂದು ಕರೆಯುತ್ತಿದ್ದ ಹೆಂಗಸಿನದು.

ಎತ್ತರ, ಮೈಕಟ್ಟು, ಮೈಬಣ್ಣ ಎಲ್ಲದರಲ್ಲೂ ಅವಳು ಆ ನಟಿಯ, ಅಂದರೆ ಸ್ಟುಡಿಯೋದವರ ಮೇಡಂ ಅವರ ಪಡಿಯಚ್ಚು, ಮುಖವೊಂದನ್ನು ಬಿಟ್ಟು. ಮೇಡಂ ಮೇಕಪ್ ಕೋಣೆಯಲ್ಲಿ ತಣ್ಣಗೆ ಕೂತಿರುವಾಗ ಸೀಮೆಸುಣ್ಣದ ಗುರುತಿನ ಮೇಲೆ ಇವಳು ನಿಲ್ಲಬೇಕು, ಇವಳನ್ನು ಬೇಯಿಸುತ್ತ ದೀಪಗಳನ್ನು ಹೊಂದಿಸುತ್ತಿದ್ದರು. ಓಡುವುದು, ನೆನೆಯುವುದು, ಮೆಟ್ಟಿಲಿಂದ ಉರುಳುವುದೂ ಇವಳ ಪಾಲಿಗೇ. ದೀಪಕ್ಕೆ ಮುಖ, ಕ್ಯಾಮೆರಾಕ್ಕೆ ಬೆನ್ನು, ಇದೇ ಕೆಲಸದ ಕಾನೂನು. ಮೇಡಂ ತೂಕ ಇಳಿಸಿದರೆ ಇವಳಿಗೆ ಉಪವಾಸ. ಮೇಡಂ ಕೂದಲು ಕತ್ತರಿಸಿಕೊಂಡ ದಿನ ಇವಳ ಜಡೆಯೂ ಹೋಯಿತು, ಯಾರೂ ಒಂದು ಮಾತು ಕೇಳಲಿಲ್ಲ. ಮೇಡಂ ಬಸುರಿಯಾದಾಗ ಮಾತ್ರ ಇವಳು ಸಣ್ಣಗೇ ಇರಬೇಕಾಯಿತು, ಪಿಕ್ಚರ್ ಮುಗಿಯಬೇಕಿತ್ತಲ್ಲ! ಅರ್ಧಕ್ಕರ್ಧ ಇವಳ ಬೆನ್ನಿನಲ್ಲೇ ಮುಗಿದ ಆ ಪಿಕ್ಚರೇ ಮೇಡಂ ಅವರನ್ನು ಮನೆಮಾತಾಗಿಸಿತು.

ಬಿಟ್ಟು ಹೋಗೋಣವೆಂದರೆ ಬೇರೆ ಕಂಪನಿಗಳಲ್ಲಿ ಒಂದೇ ಉತ್ತರ: "ನಿಲುವು, ನಡಿಗೆ ಎಲ್ಲ ಮೇಡಂ ಥರಾನೇ ಇದೆಯಮ್ಮ, ಜನ ನಕಲು ಅಂತಾರೆ."

ಇರೋಣವೆಂದರೆ ಮೇಡಂ ಹೇಳುತ್ತಿದ್ದುದೂ ಒಂದೇ: "ಮುಂದಿನ ಪಿಕ್ಚರಲ್ಲಿ ನಿಂಗೊಂದು ಪಾರ್ಟು ಕೊಡಿಸ್ತೀನಿ ಕಣೇ."

ಮನೆಯಲ್ಲಿ ಅಮ್ಮನ ಹಟವೂ ಅದೇ: "ಕಣ್ಣು ಮುಚ್ಚೋದ್ರೊಳಗೆ ಒಂದ್ಸಲ ನಿನ್ನ ಮುಖ ಪರದೆ ಮೇಲೆ ನೋಡ್ಬೇಕು."

ಉಗುಳಲಾರದೆ ನುಂಗಲಾರದೆ ಬಿಸಿತುಪ್ಪ ಬಾಯಲ್ಲಿಟ್ಟುಕೊಂಡೇ ಅವಳ ಯೌವನ ಕಳೆಯಿತು.

ಕೊನೆಗೊಮ್ಮೆ ಪಾರ್ಟು ಸಿಕ್ಕಿತು. ನರ್ಸ್ ಪಾತ್ರ. ಬಾಗಿಲು ತೆರೆದು, ಮಗು ಉಳಿಯಿತು ಎನ್ನಬೇಕು, ಅಷ್ಟೇ. ಪಾತ್ರೆ ತೊಳೆಯುತ್ತ, ಬಸ್ಸಿಗೆ ಕಾಯುತ್ತ ಅವಳು ಆ ಮಗುವನ್ನು ಉಳಿಸಿದ್ದೇ ಉಳಿಸಿದ್ದು.

"ಆಕ್ಷನ್" ಎಂದರು. ಬಾಗಿಲು ತೆರೆದವಳು ನೆಟ್ಟಗೆ ಮೇಡಂ ಅವರ ಗುರುತಿನ ಮೇಲೆ ಹೋಗಿ, ಕ್ಯಾಮೆರಾಕ್ಕೆ ಬೆನ್ನು ಹಾಕಿ ನಿಂತಳು. ಎಲ್ಲರೂ ನಕ್ಕರು, ಅವಳೂ ನಕ್ಕಳು. ಎರಡನೆಯ ಸಲವೂ ಅದೇ ಆಯಿತು. ಬೇಡ ಬೇಡ ಎಂದು ಮನಸ್ಸು ಬಡಕೊಳ್ಳುತ್ತಿದ್ದರೂ ಕಾಲುಗಳು ತಾವಾಗಿ ತಿರುಗಿದವು. ಈಗ ಯಾರೂ ನಗಲಿಲ್ಲ.

"ಸಾಕು, ಇನ್ಯಾರನ್ನಾದ್ರೂ ಕರೀರಿ," ಎಂದರು ನಿರ್ದೇಶಕರು.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಬಟ್ಟೆ ಬದಲಿಸುವ ಕೋಣೆಯ ಚಿಲಕ ಹಾಕಿಕೊಂಡು ಬಿಕ್ಕಿ ಬಿಕ್ಕಿ ಅತ್ತಳು. ಮರುದಿನ ಮತ್ತೆ ಅದೇ ಸೀಮೆಸುಣ್ಣದ ಗುರುತಿನ ಮೇಲೆ ನಿಂತಿದ್ದಳು.

ವರ್ಷಗಳು ಉರುಳಿ ಮೇಡಂ ನಿವೃತ್ತರಾದರು. ಪ್ರಶಸ್ತಿ, ಹಾರ, ಭಾಷಣ ಎಲ್ಲ ಆಯಿತು. ಅವರ ಗೌರವಕ್ಕೆಂದು, ಅವರನ್ನು ಮನೆಮಾತಾಗಿಸಿದ ಆ ಹಳೆಯ ಪಿಕ್ಚರನ್ನು ಮತ್ತೆ ತೋರಿಸಿದರು. ಕೆಲಸದವರಿಗೂ ಪಾಸು ಸಿಕ್ಕಿತು. ಡೂಪಕ್ಕ ಅಮ್ಮನ ಕೈಹಿಡಿದು ಕರೆದೊಯ್ದಳು. "ಇದ್ರಲ್ಲಿ ನಾನಿಲ್ಲಮ್ಮ, ಮೇಡಂ ಒಬ್ರೇ," ಎಂದು ಮೊದಲೇ ಹೇಳಿಟ್ಟಳು.

ಪರದೆಯ ಮೇಲೆ ನಾಯಕಿ ಬೆನ್ನು ಹಾಕಿ ಉದ್ದನೆಯ ರಸ್ತೆಯಲ್ಲಿ ನಡೆದು ಹೋಗುತ್ತಿದ್ದಳು. ಜನ ಚಪ್ಪಾಳೆ ತಟ್ಟಿದರು. ಅಮ್ಮ ದಡಕ್ಕನೆ ಎದ್ದಳು.

"ಇದು ನೀನಲ್ವೇನೇ? ಉಜ್ಜಿ ಉಜ್ಜಿ ನೀರು ಹುಯ್ದ ಬೆನ್ನು, ನಂಗೆ ಗೊತ್ತಾಗಲ್ವಾ?"

"ಕೂತ್ಕೊಳಮ್ಮ, ದಮ್ಮಯ್ಯ ಅಂತೀನಿ."

ಅಮ್ಮ ಕೂರಲಿಲ್ಲ. ಪರದೆಯತ್ತ ಕೈಚಾಚಿ ಕೂಗಿದಳು: "ತಿರುಗೇ ಮಗಳೇ! ಒಂದ್ಸಲ ಈ ಕಡೆ ತಿರುಗೇ!"

ಹಿಂದಿನವರು ಗದರಿದರು. ಪರದೆಯ ಮೇಲಿದ್ದವಳು ತಿರುಗದೆ ನಡೆಯುತ್ತಲೇ ಹೋದಳು. ತಿರುಗಬಾರದೆಂದೇ ಅವಳಿಗೆ ಸಂಬಳ ಕೊಟ್ಟಿದ್ದರು.