ಶ್ರಾವಣದ ಬೆಳ್ಳುಳ್ಳಿ ವಾಸನೆ

ಅದು ಬೆಳ್ಳುಳ್ಳಿಯ ವಾಸನೆಯಲ್ಲ ಎಂದು ನನಗೆ ಗೊತ್ತಿತ್ತು. ಗೊತ್ತಿದ್ದೂ ಹೌದು ಅಂದೆ. ನನ್ನ ಆ ಮಾತನ್ನು ನಂಬಿ ಸುಭದ್ರಕ್ಕ ಗೋದಾಮಿನೊಳಗೆ ಹೋದರು. ಆಮೇಲೆ ಅವರನ್ನು ಹೊರಗೆ ಎಳೆದು ತಂದವಳೂ ನಾನೇ — ನಮ್ಮ ಗಲ್ಲಿ ನೆನಪಿಟ್ಟುಕೊಂಡಿರುವುದು ಆ ಎರಡನೆಯದನ್ನು ಮಾತ್ರ. ಮೊದಲನೆಯದನ್ನು ಇಷ್ಟು ವರ್ಷ ಯಾರಿಗೂ ಹೇಳಿಲ್ಲ.

ಗಡಿಯಾಚೆಯ ಮರಾಠಿ ಸೀಮೆಯ ನಿಲಂಗಾದಲ್ಲಿ ನಮ್ಮದು ಕಾಳುಕಡಿ ವ್ಯಾಪಾರದ ಮನೆ. ನಾನು ಬಿ.ಎಸ್ಸಿ. ಮುಗಿಸಿ ಉದಗೀರದಿಂದ ಆ ಮನೆಗೆ ಸೊಸೆಯಾಗಿ ಬಂದವಳು. ಗಲ್ಲಿಯ ಹೆಂಗಸರು ಸೇರಿ ಒಂದು ಬಚತ ಗಟ — ಉಳಿತಾಯದ ಸಂಘ — ಕಟ್ಟಿಕೊಂಡಿದ್ದೆವು. ಸುಗ್ಗಿಯಲ್ಲಿ ತೊಗರಿ ಕೊಂಡು ನಮ್ಮ ಹಿತ್ತಲಿನ ಗೋದಾಮಿನಲ್ಲಿ ಇಡುವುದು, ದೀಪಾವಳಿಯ ಮುಂದೆ ಬೇಳೆ ಮಾಡಿಸಿ ಮಾರುವುದು. ಗಟದ ಹಿರಿಯರು ಸುಭದ್ರಕ್ಕ. ಅರವತ್ತು ದಾಟಿದ ವಿಧವೆ, ಸಾಸ್ತೂರಿನವರು. ಆ ಊರನ್ನೇ ಕೆಡವಿದ ಭೂಕಂಪದಲ್ಲಿ ಗೋಡೆಯ ಕೆಳಗಿಂದ ಅವರನ್ನು ಜೀವಂತ ತೆಗೆದಿದ್ದರಂತೆ. ಅಂದಿನಿಂದ ಎಂಥ ಚಳಿಯಿದ್ದರೂ ಯಾವ ಕೋಣೆಯ ಬಾಗಿಲನ್ನೂ ಪೂರ್ತಿ ಮುಚ್ಚುತ್ತಿರಲಿಲ್ಲ. ಒಂದು ಕೈ ಹೋಗುವಷ್ಟು ಸಂದು ಬಿಟ್ಟೇ ಕೂಡುತ್ತಿದ್ದರು. ಅದಕ್ಕೂ ನಾವು ನಗುತ್ತಿದ್ದೆವು.

ಅವರ ಜೋಡಿ ಶಾಂತಾಬಾಯಿ. ತೀರಿಹೋದ ಗಂಡನ ಚಷ್ಮಾ ಹಾಕಿಕೊಂಡು, ಅದರಲ್ಲಿ ಹತ್ತಿರದ್ದು ಕಾಣದಿದ್ದರೂ ದೂರದ್ದೆಲ್ಲ ಕಾಣುತ್ತದೆ ಎಂದು ವಾದಿಸುವವರು. ಬೇಸಿಗೆಯಿಡೀ ನಮ್ಮ ಮಾಳಿಗೆಯ ಮೇಲೆ ಶಾವಿಗೆ, ಹಪ್ಪಳ ಒಣಹಾಕುತ್ತ ಇಬ್ಬರೂ ಗಲ್ಲಿಯ ಕಾವಲು ಕಾಯುತ್ತಿದ್ದರು. ಕೆಳಗೆ ಯಾರ ಮನೆಗೆ ಯಾರು ಬಂದರು, ಬಂದವರು ಬರಿಗೈಲಿ ಹೋದರೋ ತುಂಬಿಕೊಂಡು ಹೋದರೋ — ಎಲ್ಲ ಗೊತ್ತು. ಸೋಮವಾರ ಗುಡಿಯ ಮುಂದೆ ಚಪ್ಪಲಿ ಕಳುವಾಗುತ್ತಿದ್ದಾಗ ಪತ್ತೆ ಹಚ್ಚಿದ್ದು ಇವರೇ. ಸುಭದ್ರಕ್ಕ ಬೇಕೆಂದೇ ಜೋಡಿಯಲ್ಲದ ಎರಡು ಚಪ್ಪಲಿ ಬಿಟ್ಟು ಎದುರಿನ ಅಂಗಡಿಯಲ್ಲಿ ಕೂತರು. ಕಳ್ಳ ಬಂದ — ನಿವೃತ್ತ ಹೆಡ್‌ಮಾಸ್ತರರ ನಾಯಿ. ಮಾಸ್ತರರ ಮಂಚದ ಕೆಳಗೆ ಗಲ್ಲಿಯ ಅರ್ಧ ಚಪ್ಪಲಿ ಸಿಕ್ಕವು. ಮಾಸ್ತರರಿಗೆ ಎಲ್ಲ ಗೊತ್ತಿತ್ತು, ನಾಚಿಕೆಗೆ ಬಾಯಿ ಬಿಟ್ಟಿರಲಿಲ್ಲ. ಆ ಮಾಸ್ತರರನ್ನು ನೆನೆದು ನಾನೆಷ್ಟು ನಕ್ಕಿದ್ದೆ.

ಆ ವರ್ಷ ಶ್ರಾವಣ ಹತ್ತಿದ ಮೇಲೆ ಸುಭದ್ರಕ್ಕ ತೊಗರಿ ನೋಡಲು ಗೋದಾಮಿಗೆ ಬಂದರು. ಚೀಲ ಒಟ್ಟುವ ದಿನ ಪ್ರತಿ ಚೀಲಕ್ಕೂ ತಮ್ಮ ಕೈಯಿಂದಲೇ ಮೂರು ಬೆರಳ ವಿಭೂತಿ ಎಳೆಯುವುದು ಅವರ ಪದ್ಧತಿ. ಮನೆಗೆ ಬಂದು ಹೋಗುವವರ ಹಣೆಗೂ ಹಾಗೆಯೇ ಹಚ್ಚಿ ಕಳಿಸುತ್ತಿದ್ದರು. ಅವತ್ತು ಒಟ್ಟಿಲಿನ ಹಿಂದಿನ ಸಾಲಿನಲ್ಲಿ ಕೆಲವು ಚೀಲಗಳಿಗೆ ವಿಭೂತಿ ಇರಲಿಲ್ಲ. ಒಂದನ್ನು ಬಿಚ್ಚಿದರೆ ಒಳಗೆ ಬರೀ ಹೊಟ್ಟು.

ಕಳುವು ಎಂದು ತೀರ್ಮಾನವಾಯಿತು. ಗೋದಾಮಿನ ಒಂದು ಕೀಲಿ ಸುಭದ್ರಕ್ಕನ ಸೊಂಟದಲ್ಲಿ, ಇನ್ನೊಂದು ನನ್ನ ಹತ್ತಿರ. ನನ್ನ ಮೇಲೆ ಅನುಮಾನ ಪಡುವ ವಿಚಾರ ಅವರ ಮನಸ್ಸಿಗೇ ಬರಲಿಲ್ಲ. ಕಳ್ಳ ಹಿಂದಿನ ಕಿಟಕಿಯಿಂದ ಬಂದಿರಬೇಕು ಎಂದರು. ಮರುದಿನದಿಂದ ಮಾಳಿಗೆಯ ಮೇಲೆ ತನಿಖೆ ಶುರು. ಹಾಲಿನವನು ಹೊಸ ಗಾಡಿ ತಗೊಂಡಿದ್ದಾನೆ — ಅವನ ಮೇಲೆ ಸಂಶಯ. ಮಠದ ಅಯ್ಯನವರ ಮೇಲೂ. ಶಾಂತಾಬಾಯಿ ಹೇಳಿದ್ದು ಇನ್ನೂ ಕಿವಿಯಲ್ಲಿದೆ:

“ನೋಡ ಸುಭದ್ರಾ, ಇಡೀ ಶ್ರಾವಣ ಉಪಾಸ ಮಾಡ್ತೀನಿ ಅಂತಾನ ಅಂವಾ. ಉಪಾಸದಾಗ ಯಾರರ ದಪ್ಪ ಆಗ್ತಾರೇನ? ನಮ್ಮ ತೊಗರಿ ಅಂವನ ಹೊಟ್ಟ್ಯಾಗ ಅದ.”

ನಾನೂ ನಕ್ಕೆ. ಅವರಿಗೆ ಚಹಾ ಕೊಡುತ್ತ ಇನ್ನೂ ಒಂದೆರಡು ಹೆಸರು ನಾನೇ ಸೂಚಿಸಿದೆ. ಯಾಕೆಂದರೆ ಕಳ್ಳ ಯಾರೆಂದು ನನಗೆ ಗೊತ್ತಿತ್ತು. ಆಷಾಢದಲ್ಲಿ ನನ್ನ ಗಂಡ ನನ್ನ ಕೀಲಿ ತೆಗೆದುಕೊಂಡು ಹೋಗಿ ಆ ಚೀಲಗಳನ್ನು ಉದಗೀರದ ಒಂದು ದಾಲ್ ಮಿಲ್ಲಿಗೆ ಮಾರಿಬಂದಿದ್ದರು. ಅವುಗಳ ಜಾಗಕ್ಕೆ ಬೇರೆ ಚೀಲಗಳಲ್ಲಿ ಹೊಟ್ಟು ತುಂಬಿಸಿ ಇಡುವಾಗ ಚೀಲದ ಬಾಯಿ ಹಿಡಿದದ್ದು ನಾನು. ದೀಪಾವಳಿಯೊಳಗೆ ತಿರುಗಿ ತಂದು ಇಟ್ಟುಬಿಡುತ್ತೇನೆ, ಯಾರಿಗೂ ತಿಳಿಯುವುದಿಲ್ಲ ಎಂದಿದ್ದರು. ವಿಭೂತಿಯ ನೆನಪು ಅವರಿಗೂ ಆಗಲಿಲ್ಲ, ನನಗೂ ಆಗಲಿಲ್ಲ.

ಉಳಿದ ಚೀಲಗಳನ್ನೂ ಬಿಚ್ಚಿ ನೋಡೋಣ ಎಂದು ಸುಭದ್ರಕ್ಕ ಹೇಳಿದ್ದೇ ನನ್ನ ಗಂಡ ಹೆದರಿದರು. ಬಾಗಿಲು ತೆರೆದವರು ವಾಸನೆಗೇ ಹಿಂದೆ ಸರಿಯಲಿ, ಚೀಲ ಬಿಚ್ಚುವುದು ಮುಂದಕ್ಕೆ ಹೋಗಲಿ ಎಂದು ಮರುದಿನ ಬೆಳಿಗ್ಗೆಯೇ ಗೋದಾಮಿನಲ್ಲಿ ಗೋಳಿ ಇಟ್ಟುಬಿಟ್ಟರು. ನುಸಿ ಹಿಡಿದ ಕಾಳಿಗೆ ಇಡುವ ಮದ್ದಿನ ಗುಳಿಗೆ. ಗಾಳಿ ತಾಗಿದರೆ ವಿಷ ಬಿಡುತ್ತದೆ. ಒಳಗೆ ಹೊಕ್ಕ ಇಲಿಯೂ ಜೀವಂತ ಹೊರಗೆ ಬರುವುದಿಲ್ಲ. ಅದನ್ನು ಇಟ್ಟಾಗ ಬಾಗಿಲ ಸಂದಿಗೆ ಒದ್ದೆ ಗೋಣಿ ತುರುಕಿ, ಚಿಲಕಕ್ಕೆ ಕೆಂಪು ಬಟ್ಟೆ ಕಟ್ಟುವುದು ನಮ್ಮ ಕಡೆಯ ಎಲ್ಲ ವ್ಯಾಪಾರಿಗಳ ರೂಢಿ. ಕೆಂಪು ಬಟ್ಟೆ ಕಂಡರೆ ಯಾರೂ ಆ ಕಡೆ ಸುಳಿಯುವುದಿಲ್ಲ. ಅದಕ್ಕೇ ಆ ವಾಸನೆಯೂ ಗಲ್ಲಿಯ ಹೆಂಗಸರಿಗೆ ಪರಿಚಯವಿರಲಿಲ್ಲ.

ಆ ಸಲ ಗೋಣಿ ತುರುಕಿದರು. ಬಟ್ಟೆ ಕಟ್ಟಲಿಲ್ಲ. ಕಟ್ಟಿದರೆ ಗಟದವರು ಕೇಳುತ್ತಾರೆ — ನಮಗೆ ಹೇಳದೆ ಗೋಳಿ ಯಾಕೆ ಇಟ್ಟಿರಿ, ಮೊನ್ನೆ ತಾನೇ ನೋಡಿದೆವು, ನುಸಿ ಎಲ್ಲಿತ್ತು. ಬಟ್ಟೆ ನನ್ನ ಕಪಾಟಿನಲ್ಲಿತ್ತು. ಎರಡು ಸಲ ಕೈಗೆ ತಗೊಂಡೆ. ಎರಡು ಸಲವೂ ಮಡಿಚಿ ಇಟ್ಟೆ. ಇದನ್ನು ಗಂಡನ ತಲೆಗೆ ಕಟ್ಟಲಾರೆ. ಆ ಬಟ್ಟೆಯ ಮುಂದೆ ನಿಂತವಳು ನಾನು.

ಸಂಜೆ ಸುಭದ್ರಕ್ಕ ಮತ್ತು ಶಾಂತಾಬಾಯಿ ಹಿತ್ತಲ ಬಾಗಿಲಿಂದ ಬಂದು ನನ್ನನ್ನು ಕೈಹಿಡಿದು ಗೋದಾಮಿನ ಹತ್ತಿರ ಕರೆದುಕೊಂಡು ಹೋದರು. ಹಬ್ಬಕ್ಕೆ ಬಂದ ಹುಡುಗಿಯರ ಮುಖವಿತ್ತು ಇಬ್ಬರದೂ. ಸುಭದ್ರಕ್ಕ ಬಾಗಿಲ ಸಂದಿಗೆ ಮೂಗು ಹಚ್ಚಿ ಎಳೆದುಕೊಂಡರು, ನನಗೂ ಮೂಸಿ ನೋಡು ಎಂದರು. ನಮ್ಮ ಗಲ್ಲಿಯ ಯಾವ ಮನೆಯಲ್ಲೂ ಶ್ರಾವಣದಲ್ಲಿ ಬೆಳ್ಳುಳ್ಳಿ ಒಳಗೆ ಬರುವುದಿಲ್ಲ. ಹಾಗಿದ್ದ ಮೇಲೆ ಬೆಳ್ಳುಳ್ಳಿ ತಿನ್ನುವವನೊಬ್ಬ ಗೋದಾಮಿನಲ್ಲಿ ಕೂತು ಉಣ್ಣುತ್ತಿದ್ದಾನೆ, ದೀಪದ ಬೆಳಕು ಹೊರಗೆ ಕಾಣಬಾರದೆಂದು ಸಂದಿಗೆ ಗೋಣಿ ತುರುಕಿದ್ದಾನೆ — ಇದು ಅವರ ಲೆಕ್ಕ. ಒಂದೊಂದನ್ನೂ ಹೊಂದಿಸಿ ಹೇಳಿದರು. ನಿಜ ಗೊತ್ತಿಲ್ಲದಿದ್ದರೆ ನಾನೂ ಹಾಗೇ ಅಂದುಕೊಳ್ಳುತ್ತಿದ್ದೆ.

ಆಮೇಲೆ ನನ್ನ ಕಡೆ ತಿರುಗಿದರು.

“ಶೈಲಾ, ನೀ ಸಾಯನ್ಸ ಓದಿದಾಕಿ. ನಾವು ಅಡಾಣಿ ಮಂದಿ. ನೀ ಹೇಳು, ಇದು ಬಳ್ಳೊಳ್ಳಿ ವಾಸನಿನೇ ಹೌದಲ್ಲ?”

ಕಾಲೇಜಿನ ಪ್ರಯೋಗಾಲಯದಲ್ಲಿ ಯಾವ ವಾಸನೆಗೆ ಮೂಗು ಹಿಡಿದು ಹೊರಗೆ ಓಡಬೇಕೆಂದು ಕಲಿತವಳು ನಾನು. ಬಾಯಿ ತೆರೆದರೆ ಸಾಕಿತ್ತು. ಆದರೆ ಒಂದು ಮಾತು ಹೇಳಿದರೆ ಮುಂದಿನದನ್ನೂ ಹೇಳಬೇಕು, ಅದರ ಮುಂದಿನದನ್ನೂ —

“ಹೌದ್ರೀ ಅಕ್ಕಾ,” ಅಂದೆ. “ಬಳ್ಳೊಳ್ಳಿನೇ.”

“ನಕ್ಕಿ? ಖಾತ್ರಿ ಹೌದಲ್ಲ?”

“ನಕ್ಕಿ.”

ಅವರು ಬರೀ ಹೊರಗಿಂದ ಕಾವಲು ಕೂಡುತ್ತಾರೆ ಎಂದು ನನಗೆ ನಾನೇ ಹೇಳಿಕೊಂಡೆ. ಸುಭದ್ರಕ್ಕನ ಸೊಂಟದ ಕೀಲಿ ನನ್ನ ಕಣ್ಣ ಮುಂದೆಯೇ ಇತ್ತು. ಹಾಗಾದರೆ ಏನನ್ನು ನಂಬಿದ್ದೆ ನಾನು?

ಮರುದಿನ ಮಧ್ಯಾಹ್ನ ಅಡುಗೆಮನೆಯ ಕಿಟಕಿಯಿಂದ ನೋಡಿದೆ. ಶಾಂತಾಬಾಯಿ ಬೇವಿನ ಗಿಡದ ಕೆಳಗೆ ಅಕ್ಕಿ ಮೊರ ಹಿಡಿದು ಕೂತಿದ್ದರು. ಮೊರದಲ್ಲಿ ಅಕ್ಕಿ ಇರಲಿಲ್ಲ. ಗೋದಾಮಿನ ಬಾಗಿಲು ಒಂದು ಕೈಯಷ್ಟು ತೆರೆದಿತ್ತು. ಸುಭದ್ರಕ್ಕ ಕಾಣಲಿಲ್ಲ.

ಆ ಮುಂದಿನದು ದಿನಕ್ಕೊಮ್ಮೆಯಾದರೂ ನನ್ನ ಕಣ್ಣ ಮುಂದೆ ನಡೆಯುತ್ತದೆ. ಹಿತ್ತಲಿಗೆ ಓಡುತ್ತೇನೆ. ದಾರಿಯಲ್ಲಿ ನಳದ ಹತ್ತಿರ ನಿಲ್ಲುತ್ತೇನೆ — ನಿಲ್ಲುತ್ತೇನೆ! — ಟಾವೆಲ್ ತೋಯಿಸಿ ಮುಖಕ್ಕೆ ಕಟ್ಟಿಕೊಳ್ಳುತ್ತೇನೆ, ಮತ್ತೆ ಓಡುತ್ತೇನೆ. ಶಾಂತಾಬಾಯಿ ಬೆರಳನ್ನು ತುಟಿಗೆ ಇಟ್ಟು ಸದ್ದು ಮಾಡಬೇಡ ಎಂದು ಸನ್ನೆ ಮಾಡುತ್ತಾರೆ, ಕಳ್ಳ ಬರುವ ಹೊತ್ತಾಯಿತು ಅನ್ನುವ ಹಾಗೆ. ಒಳಗೆ ಹೊಟ್ಟಿನ ಚೀಲಗಳ ಹಿಂದೆ ಸುಭದ್ರಕ್ಕ ಗೋಡೆಗೆ ಒರಗಿ ಕೂತಿದ್ದಾರೆ. ಮಡಿಲಲ್ಲಿ ಲಟ್ಟಣಿಗೆ, ಕಳ್ಳನಿಗೆ ಹೊಡೆಯಲೆಂದು ತಂದದ್ದು. ಬಾಯಿಂದ ಜೊಲ್ಲು ಸುರಿಯುತ್ತಿದೆ. ಕಣ್ಣು ತೆರೆದಿವೆ. ರಟ್ಟೆ ಹಿಡಿದು ಎಳೆಯುತ್ತೇನೆ, ಎಳೆದಷ್ಟೂ ಬಾಗಿಲು ದೂರವಾಗುತ್ತದೆ. ನನ್ನ ಎದೆಯೂ ಉರಿಯತೊಡಗುತ್ತದೆ. ಬಿಟ್ಟು ಹೊರಗೆ ಓಡಿಬಿಡು ಎಂದು ನನ್ನ ಕಾಲುಗಳು ಹೇಳಿದ್ದು — ಅದನ್ನೂ ಇಲ್ಲಿ ಬರೆಯಬೇಕು, ಹೇಳಿದ್ದು ನಿಜ.

ಸುಭದ್ರಕ್ಕ ಬದುಕಿದರು. ಬಾಗಿಲು ಪೂರ್ತಿ ಮುಚ್ಚಿದ್ದರೆ ಬದುಕುತ್ತಿರಲಿಲ್ಲ ಎಂದರು ಡಾಕ್ಟರು. ಅಂದರೆ ಅವರನ್ನು ಉಳಿಸಿದ್ದು ಸಾಸ್ತೂರಿನ ಆ ಹಳೆಯ ಭಯ. ಆದರೆ ಗಲ್ಲಿಯವರು ನನ್ನನ್ನು ಕೂಡಿಸಿ ಉಡಿ ತುಂಬಿದರು, ಶಾಲು ಹೊದಿಸಿದರು. ಜೀವದ ಹಂಗು ತೊರೆದವಳು ಎಂದರು. ನಾನು ತಲೆ ತಗ್ಗಿಸಿ ಕೂತೆ. ಅದನ್ನು ವಿನಯ ಎಂದುಕೊಂಡರು.

ನುಸಿಗೆಂದು ಗೋಳಿ ಇಟ್ಟಿದ್ದೆ, ಮುದುಕಿಯರು ಕೇಳದೆ ಕೀಲಿ ತೆಗೆದರೆ ನಾನೇನು ಮಾಡಲಿ ಎಂದು ನನ್ನ ಗಂಡ ಎಲ್ಲರ ಮುಂದೆ ಹೇಳಿದರು. ಹೊಟ್ಟಿನ ಚೀಲ? ವಿಭೂತಿ? ಆ ಗದ್ದಲದಲ್ಲಿ ಯಾರೂ ಕೇಳಲಿಲ್ಲ. ಗೋಳಿಯ ವಾಸನೆಗೂ ಬೆಳ್ಳುಳ್ಳಿಗೂ ಫರಕು ತಿಳಿಯದ ಮುದುಕಿ ಎಂಬ ಮಾತು ಮಾತ್ರ ಉಳಿಯಿತು. ಸುಭದ್ರಕ್ಕನಿಗೆ ‘ಬಳ್ಳೊಳ್ಳಿ ಫೌಜದಾರ’ ಎಂದು ಹೆಸರಿಟ್ಟರು. ಗುಡಿಯ ಮುಂದೆ ಹಾಲಿನವನು ಹಾಗೆ ಕರೆದಾಗ ಹೆಡ್‌ಮಾಸ್ತರರೂ ನಕ್ಕರು. ಗಟ ಆ ವರ್ಷವೇ ಮುರಿಯಿತು. ಸುಭದ್ರಕ್ಕ ಮಾಳಿಗೆ ಹತ್ತಲಿಲ್ಲ, ಹತ್ತುವಷ್ಟು ಉಸಿರು ಅವರಿಗೆ ಉಳಿದಿರಲೂ ಇಲ್ಲ. ಯಾರಾದರೂ ಏನಾದರೂ ಕೇಳಿದರೆ, ನನ್ನ ತಲಿ ಇನ್ನ ನಡ್ಯೂದಿಲ್ಲ ಬಿಡ್ರೀ ಅನ್ನುತ್ತಿದ್ದರು. ಆಮೇಲೆ ಮಗಳು ಅವರನ್ನು ಗುಂಜೋಟಿಗೆ ಕರೆದುಕೊಂಡು ಹೋದಳು.

ಹೋದ ತಿಂಗಳು ನಾನು ಗುಂಜೋಟಿಗೆ ಹೋದೆ. ಉಮರಗಾದಲ್ಲಿ ಬಸ್ಸು ಬದಲಿಸುವಾಗ ತಿರುಗಿ ಬರುವ ಬಸ್ಸನ್ನೇ ಹತ್ತಿಬಿಡೋಣ ಅನ್ನಿಸಿತು. ಹೇಳಬೇಕೆಂದು ಹೊರಟವಳು. ಹೇಳಿಯೇ ಬರುತ್ತೇನೆ ಎಂದು ಹೊರಟವಳು.

ಸುಭದ್ರಕ್ಕ ಹೊಸ್ತಿಲ ಹತ್ತಿರ ಕೂತು ಹೆಸರುಕಾಳು ಆರಿಸುತ್ತಿದ್ದರು. ತೆಳ್ಳಗಾಗಿದ್ದರು. ಮಾತಿನ ನಡುವೆ ನಿಂತು ಉಸಿರು ಹುಡುಕಬೇಕಾಗುತ್ತಿತ್ತು. ಮಗಳು ಚಹಾ ಕೊಟ್ಟು ಒಳಗೆ ಹೋದಳು. ನಾನು ಮಳೆಯ ಸುದ್ದಿ ಹೇಳಿದೆ, ಶಾಂತಾಬಾಯಿಯ ಮೊಣಕಾಲಿನ ಸುದ್ದಿ ಹೇಳಿದೆ. ಹೇಳಬೇಕಾದ್ದು ಬಿಟ್ಟು ಎಲ್ಲ ಹೇಳಿದೆ. ಅವರು ಕೇಳಿಸಿಕೊಂಡು, ಕಾಳಿನಿಂದ ಕಣ್ಣೆತ್ತದೆ ಅಂದರು:

“ಶಾಂತಿ ನನಗ ದವಾಖಾನ್ಯಾಗೇ ಹೇಳಿದ್ಳು. ನೀ ಓಡಿ ಬರೂಮುಂದ ನಳದಾಗ ಟಾವೆಲ್ ತೋಯಿಸಿ ಮುಖಕ್ಕ ಕಟಗೊಂಡು ಬಂದಿದ್ದಿ ಅಂತ. ಎಷ್ಟ ಶಾಣ್ಯಾ ಹುಡಿಗಿ ಅಂದ್ಳು.” ಉಸಿರಿಗೆ ನಿಂತರು. “ಬಳ್ಳೊಳ್ಳಿಗಿ ಯಾರರ ಮುಖಾ ಕಟಗೋತಾರೇನ, ಶೈಲಾ?”

ಕೈಯಲ್ಲಿದ್ದ ಚಹಾ ಕೆಳಗಿಟ್ಟೆ. ಹೇಳಬೇಕಾಗಿದ್ದ ಹೊತ್ತು ಎಂದೋ ಕಳೆದಿತ್ತು.

“ಮಂದಿ ಮುಂದ ನಾ ಏನರ ಅಂದಿರ್ಲಿ, ಆವತ್ತೇ ತಿಳೀತು ನನಗ, ನನ್ನ ತಲಿ ಕೆಟ್ಟಿಲ್ಲ ಅಂತ,” ಎಂದರು. “ವಿಭೂತಿ ಇಲ್ಲದ ಚೀಲಾ, ನಿನ್ನ ಕೀಲಿ, ನಿನ್ನ ಟಾವೆಲ್ಲು. ಎಲ್ಲಾ ಕೂಡಿಸಿದೆ.”

ಅಷ್ಟು ವರ್ಷ ಯಾಕೆ ಸುಮ್ಮನಿದ್ದಿರಿ, ಮಂದಿ ನಗುತ್ತಿದ್ದಾಗ ಯಾಕೆ ಹೇಳಲಿಲ್ಲ ಎಂದು ಹೇಗೋ ಕೇಳಿದೆ. ಅವರು ಮೊದಲ ಸಲ ನನ್ನನ್ನು ನೇರ ನೋಡಿದರು.

“ನಾ ಹಿಡದದ್ದು ನಾ ಹೇಳಬಹುದಿತ್ತು. ನೀ ಮಾಡಿದ್ದು ನೀ ಹೇಳಬೇಕು. ಬರ್ತಿ ಬರ್ತಿ ಅಂತ ದಾರಿ ನೋಡಿದೆ. ಬಂದಿ — ಬಂದೂ ಮಳಿ ಸುದ್ದಿ ಹೇಳಿದಿ.”

ಹೊರಡುವಾಗ ಕಾಲಿಗೆ ಬಿದ್ದೆ. ಗೂಡಿನಲ್ಲಿ ವಿಭೂತಿ ಗಟ್ಟಿ ಇತ್ತು, ಅವರ ಕೈಗೆ ಸಿಗುವಷ್ಟು ಹತ್ತಿರ. ನಾನು ಹಣೆ ಬಾಗಿಸಿಯೇ ನಿಂತೆ. ಸುಭದ್ರಕ್ಕ ಅದರ ಕಡೆ ಒಮ್ಮೆ ನೋಡಿದರು. ಆಮೇಲೆ ಮೊರ ಎಳೆದುಕೊಂಡು ಕಾಳು ಆರಿಸತೊಡಗಿದರು.

ಬರುವ ಸೋಮವಾರ ಗಲ್ಲಿಯ ಹೆಂಗಸರನ್ನೆಲ್ಲ ನಮ್ಮ ಮಾಳಿಗೆಗೆ ಕರೆದಿದ್ದೇನೆ. ಯಾಕೆ ಎಂದು ನನ್ನ ಗಂಡ ಕೇಳಿದರು, ಹೇಳಿದೆ. ಅಂದಿನಿಂದ ನನ್ನೊಡನೆ ಮಾತಿಲ್ಲ. ಹಾಲಿನವನಿಗೂ ಹೆಡ್‌ಮಾಸ್ತರರಿಗೂ ಬರಲು ಹೇಳಿದ್ದೇನೆ. ನಕ್ಕವರೆಲ್ಲ ಕೇಳಬೇಕು. ಬಟ್ಟೆ ಕಟ್ಟದೆ ಬಿಟ್ಟವಳು ನಾನು, ನಕ್ಕಿ ಅಂದವಳು ನಾನು ಎಂದು ಹೇಳಿದ ಮೇಲೆ ಏನಾಗುತ್ತದೋ ಆಗಲಿ. ಸುಭದ್ರಕ್ಕನಿಗೆ ಉಸಿರು ತಿರುಗಿ ಬರುವುದಿಲ್ಲ. ಗುಂಜೋಟಿಯಿಂದ ಬರಿ ಹಣೆಯಲ್ಲಿ ಬಂದಿದ್ದೇನೆ. ಮತ್ತೊಮ್ಮೆ ಹೋಗುತ್ತೇನೆ. ಆಗಲೂ ಹಣೆ ಬರಿದಾಗಿಯೇ ಉಳಿಯಬಹುದು.