ಕೂಡ್ಲಿಗಿಯ ಬೇಕರಿಯಲ್ಲಿ ಬೆಂದ ಎಂಟು ಫತಾಯರ್

ಮಸ್ಕತ್ತಿಗೆ ಬಂದ ಎರಡನೆಯ ದಿನ ಬೆಳಿಗ್ಗೆ ಮನೆಯೊಡತಿ ನನ್ನ ಕೈಗೆ ಒಂದು ಪೊಟ್ಟಣ ಕೊಟ್ಟಳು. ಇಟ್ಟಿಗೆಯಷ್ಟು ಗಟ್ಟಿ, ಹಿಡಿದರೆ ಬೆರಳು ಮರಗಟ್ಟುವಷ್ಟು ತಣ್ಣಗೆ. ಒಳಗಿದ್ದದ್ದು ನಾದಿದ ಹಿಟ್ಟು. ಯಾರೋ ಎಲ್ಲೋ ನಾದಿ, ಲಟ್ಟಿಸಿ, ಚೌಕ ಹಾಳೆಗಳಾಗಿ ಕತ್ತರಿಸಿ, ಹಿಮಗಟ್ಟಿಸಿ ಅಂಗಡಿಗೆ ಕಳಿಸಿದ ಹಿಟ್ಟು. ಕೊಟ್ಟೂರಿನ ನಮ್ಮ ಮನೆಯಲ್ಲಿ ಸಂಜೆ ನಾದಿದ ಹಿಟ್ಟು ಬೆಳಗಿನವರೆಗೆ ಉಳಿದರೆ ಆಕಳಿಗೆ ಹಾಕುತ್ತಿದ್ದೆವು. ಇಲ್ಲಿ ತಿಂಗಳುಗಟ್ಟಲೆ ಹಳೆಯ ಹಿಟ್ಟನ್ನು ಕೊಂಡು ತಂದು ಮಕ್ಕಳಿಗೆ ತಿನ್ನಿಸುತ್ತಾರೆ ಎಂದು ಮೂಗಿನ ಮೇಲೆ ಬೆರಳಿಟ್ಟುಕೊಳ್ಳುವಷ್ಟರಲ್ಲಿ ಎರಡನೆಯ ಪೊಟ್ಟಣ ಬಂತು. ಅದು ಮೆತ್ತಗಿತ್ತು, ಕೆಂಪಗಿತ್ತು. ಕೊಚ್ಚಿದ ಮಾಂಸ ಎಂದು ತಿಳಿಯಲು ನನಗೆ ಯಾವ ಭಾಷೆಯೂ ಬೇಕಾಗಲಿಲ್ಲ.

ನಾನು ಲಿಂಗ ಕಟ್ಟಿದ ಮನೆಯ ಹೆಣ್ಣು. ನಮ್ಮ ಓಣಿಯಲ್ಲಿ ಮೊಟ್ಟೆಯ ಸಿಪ್ಪೆ ಬಿದ್ದಿದ್ದರೆ ಸುತ್ತು ಹಾಕಿ ಹೋಗುವ ಜನ ನಾವು. ಲಾರಿ ಓಡಿಸುತ್ತಿದ್ದ ನನ್ನ ಗಂಡ ಹರಪನಹಳ್ಳಿಯಲ್ಲಿ ಎರಡು ದಿನದ ಜ್ವರಕ್ಕೆ ತೀರಿಕೊಂಡಾಗ ನಮ್ಮ ಮಗಳು ಸವಿತಾಗೆ ಮೂರು ವರ್ಷ. ಅವಳನ್ನು ಯಾರ ಹಂಗಿನಲ್ಲೂ ಬೆಳೆಸಬಾರದು ಎಂಬ ಹಟ ನನ್ನದು. ತೊಂಬತ್ತರ ದಶಕ ಮುಗಿಯುತ್ತಿದ್ದ ಕಾಲ. ಹೊಸಪೇಟೆಯ ಒಬ್ಬರು, ಮಕ್ಕಳನ್ನು ನೋಡಿಕೊಳ್ಳುವ ಕೆಲಸ, ಅಡುಗೆ ಇಲ್ಲವೇ ಇಲ್ಲ ಎಂದು ಹೇಳಿ ಕಾಗದಪತ್ರ ಮಾಡಿಸಿಕೊಟ್ಟರು. ಮಕ್ಕಳಿಲ್ಲದ ನನ್ನಕ್ಕ ಕೊಟ್ಟೂರಿನಲ್ಲೇ ಇದ್ದಳು. ಸವಿತಾಳನ್ನು ಅವಳ ಮಡಿಲಿಗೆ ಹಾಕಿ ಹೊರಟೆ. ಯಾರ ಹಂಗೂ ಬೇಡವೆಂದವಳು ಮಾಡಿದ ಮೊದಲ ಕೆಲಸವೇ ಅದು, ನೋಡಿ.

ಮನೆಯವರು ಲೆಬನಾನಿನವರು. ಒಡತಿ ಶಾಲೆಯ ಟೀಚರು. ಕೆಲಸದವರು ಇಲ್ಲಿ ಒಡತಿಯನ್ನು ಮಾಮಾ ಎಂದು ಕರೆಯಬೇಕು. ಅಂದರೆ ಅಮ್ಮ. ನನಗಿಂತ ಎರಡು ವರ್ಷ ಚಿಕ್ಕವಳನ್ನು ಅಮ್ಮಾ ಎಂದು ಕರೆಯಲು ನಾಲಿಗೆ ಏಳಲಿಲ್ಲ, ಒಂದು ವಾರ ಏನೂ ಕರೆಯದೆ ಕೆಮ್ಮಿಕೊಂಡು ಕಾಲ ಹಾಕಿದೆ.

ಮಾಮಾ ಆ ದಿನ ನನಗೆ ಕಲಿಸಿದ ತಿಂಡಿಗೆ ಫತಾಯರ್ ಎನ್ನುತ್ತಾರೆ. ಮಾಡುವುದು ಬಲು ಸುಲಭ. ಅಜೀನ್, ಅಂದರೆ ಆ ಹಿಟ್ಟಿನ ಹಾಳೆ, ಹೊರಗಿಟ್ಟು ಮೆತ್ತಗಾಗಲು ಬಿಡಬೇಕು. ಲಹಮ್, ಅಂದರೆ ಮಾಂಸ, ಈರುಳ್ಳಿ ಮೆಣಸಿನ ಪುಡಿ ಹಾಕಿ ನೀರು ಆರುವತನಕ ಹುರಿಯಬೇಕು. ತಣ್ಣಗಾದ ಮೇಲೆ ಜಿಬ್ನ ಎಂಬ ಬಿಳಿ ಚೀಸನ್ನು ಪುಡಿ ಮಾಡಿ ಬೆರೆಸಿ, ಹಾಳೆಯ ನಡುವೆ ಒಂದು ಚಮಚ ಇಟ್ಟು, ಮುಕ್ಕೋನ ಮಡಚಿ, ಅಂಚು ಒತ್ತಿ, ಮೇಲೆ ಮೊಟ್ಟೆ ಸವರಿ, ಎಳ್ಳು ಉದುರಿಸಿ ಓವನ್ನಿಗೆ ಇಟ್ಟರೆ ಆಯಿತು. ನಮ್ಮಲ್ಲಿ ಕರ್ಜಿಕಾಯಿ ಮಾಡುವುದೆಂದರೆ ಎರಡು ದಿನದ ಗದ್ದಲ, ನಾಲ್ಕು ಮನೆಯ ಹೆಂಗಸರು ಬೇಕು. ಇಲ್ಲಿ ಒಬ್ಬಳೇ ಹೆಂಗಸು, ಮಾತಾಡಲು ಗೋಡೆ ಮಾತ್ರ, ಅರ್ಧ ಗಂಟೆಯ ಕೆಲಸ.

ಮುಟ್ಟುವುದು ಹೇಗೆ? ಮೊದಲ ದಿನ ಪ್ಲಾಸ್ಟಿಕ್ ಚೀಲವನ್ನು ಕೈಗೆ ಕಟ್ಟಿಕೊಂಡು ಮಾಡಿದೆ. ಆಮೇಲೆ ಸೋಪು ಹಾಕಿ ನಾಲ್ಕು ಸಲ ತೊಳೆದು, ಅಂಗೈಗೆ ವಿಭೂತಿ ತಿಕ್ಕಿಕೊಂಡೆ. ಆದರೂ ವಾಸನೆ ಹೋಗಲಿಲ್ಲ. ಕೊರಳಲ್ಲಿದ್ದ ಕರಡಿಗೆ, ಅದೇ ಬೆಳ್ಳಿಯ ಡಬ್ಬಿಯಲ್ಲಿ ನನ್ನ ಇಷ್ಟಲಿಂಗ, ಬಗ್ಗಿದಾಗಲೆಲ್ಲ ಆ ಪಾತ್ರೆಯ ಮೇಲೆ ತೂಗಾಡುತ್ತಿತ್ತು. ಮರುದಿನ ಬೆಳಿಗ್ಗೆ ಪೂಜೆ ಮಾಡಿ, ಶಿವದಾರ ಬಿಚ್ಚಿ, ಬಿಳಿ ಬಟ್ಟೆಯಲ್ಲಿ ಸುತ್ತಿ ಪೆಟ್ಟಿಗೆಯಲ್ಲಿಟ್ಟು ಅಡುಗೆಮನೆಗೆ ಹೋದೆ. ಉಸಿರಿರುವತನಕ ಮೈಮೇಲಿಂದ ಇಳಿಸಬಾರದ್ದನ್ನು ಇಳಿಸಿದ್ದೆ. ಲಿಂಗಕ್ಕೆ ಮೈಲಿಗೆಯಾಗದಿರಲಿ ಎಂದು ಹಾಗೆ ಮಾಡಿದೆ, ಆದರೆ ದಿನವಿಡೀ ಕೈ ಬರಿಯ ಕೊರಳನ್ನೇ ತಡಕುತ್ತಿತ್ತು. ಸಂಜೆ ಸ್ನಾನ ಮಾಡಿ ಮತ್ತೆ ಕಟ್ಟಿಕೊಂಡೆ. ಐದು ವರ್ಷ ಹೀಗೇ ನಡೆಯಿತು.

ಆ ಮೊದಲ ತಟ್ಟೆ ಫತಾಯರ್ ಮಾತ್ರ ನೆಲ ಕಚ್ಚಿತು. ನಮ್ಮ ಮನೆಗಳಲ್ಲಿ ಲಿಂಗಕ್ಕೆ ತೋರಿಸುವ ಮುಂಚೆ ಅಡುಗೆಯ ರುಚಿ ನೋಡುವಂತಿಲ್ಲ. ಹಾಗಾಗಿ ಉಪ್ಪು ಹುಳಿ ಎಲ್ಲ ಕೈಯಳತೆಯಲ್ಲೇ, ವಾಸನೆಯಲ್ಲೇ. ಹತ್ತು ವರ್ಷದವಳಿದ್ದಾಗಿಂದ ನಾನು ಬಾಯಿಗಿಡದೆ ಸಾರು ಮಾಡಿದವಳು, ಒಮ್ಮೆಯೂ ಉಪ್ಪು ಹೆಚ್ಚುಕಡಿಮೆ ಮಾಡಿದವಳಲ್ಲ. ಮಾಂಸವನ್ನೂ ಹಾಗೇ ಅಂದಾಜಿನಲ್ಲಿ ಮಾಡಿದೆ. ಆ ಜಿಬ್ನ ಉಪ್ಪುನೀರಿನಲ್ಲಿ ನೆನೆದು ಬರುತ್ತದೆಂದು ನನಗೇನು ಗೊತ್ತು? ಮಕ್ಕಳು ಒಂದು ತುತ್ತು ಕಚ್ಚಿ ಉಗಿದರು. ಮಾಮಾ ತಲೆ ಚಚ್ಚಿಕೊಂಡು, ರುಚಿ ನೋಡಲಿಲ್ಲವೇ ಎಂದು ಸನ್ನೆಯಲ್ಲಿ ಕೇಳಿದಳು. ಇಲ್ಲವೆಂದು ತಲೆಯಾಡಿಸಿದೆ. ಅಡುಗೆಯವಳು ರುಚಿ ನೋಡದಿರುವುದು ಅವಳಿಗೆ ಹುಚ್ಚಾಗಿ ಕಂಡಿತು. ನೋಡಿದರೆ ನಾನು ಕೆಟ್ಟೆನೆಂದು ಅವಳಿಗೆ ಹೇಗೆ ತಿಳಿಸುವುದು?

ಒಂದು ತಿಂಗಳಲ್ಲಿ ಮೂಗಿನಿಂದಲೇ ಕಲಿತೆ. ಜಿಬ್ನವನ್ನು ಎಷ್ಟು ಹೊತ್ತು ನೀರಿನಲ್ಲಿ ಬಿಟ್ಟರೆ ಉಪ್ಪು ಇಳಿಯುತ್ತದೆ, ಮಾಂಸ ಹದವಾದಾಗ ಹಬೆಯ ವಾಸನೆ ಹೇಗೆ ಬದಲಾಗುತ್ತದೆ, ಎಲ್ಲವೂ ತಿಳಿಯಿತು. ಅಂಚನ್ನು ಮುಳ್ಳುಚಮಚದಿಂದ ಒತ್ತುವ ಬದಲು ಕರ್ಜಿಕಾಯಿಯ ಹಾಗೆ ಬೆರಳಿನಿಂದ ಜಡೆ ಹೆಣೆದೆ. ಅದನ್ನು ನೋಡಿ ಮಾಮಾಳ ಗೆಳತಿಯರು ಇದನ್ನು ಯಾವ ಅಂಗಡಿಯಿಂದ ತರಿಸಿದೆ ಎಂದು ಕೇಳಿದರಂತೆ. ಆ ದಿನ ಮಾಮಾ ನನ್ನ ಭುಜ ತಟ್ಟಿದಳು. ನಾನೂ ಬೀಗಿದೆ. ಒಮ್ಮೆಯೂ ತಿಂದು ನೋಡದ ತಿಂಡಿಗೆ ಇಷ್ಟು ಹೆಸರು ಬಂತಲ್ಲ ಎಂದು ಒಬ್ಬಳೇ ನಕ್ಕೆ.

ಮನೆಯ ಕಿರಿಯವಳು ರೀಮ್, ನನ್ನ ಸವಿತಾಳಷ್ಟೇ ವಯಸ್ಸು. ಮೂಲೆಯಲ್ಲಿ ಚೀಸ್ ಕರಗಿ ಹೊರಬಂದು ಕೆಂಪಾಗಿರುತ್ತದಲ್ಲ, ಅದನ್ನೇ ಮೊದಲು ಮುರಿದು ತಿನ್ನುತ್ತಿದ್ದಳು. ಅವಳಿಗೆ ಹಲ್ಲು ಬಿದ್ದದ್ದು, ಅವಳು ಕತ್ತಲೆಗೆ ಹೆದರುವುದು, ಈರುಳ್ಳಿ ದಪ್ಪವಿದ್ದರೆ ಆರಿಸಿಡುವುದು, ಎಲ್ಲ ನನಗೆ ಗೊತ್ತು. ನನ್ನ ಮಗಳ ಹಾಲುಹಲ್ಲು ಯಾವಾಗ ಬಿತ್ತೆಂದು ನನಗೆ ಈವತ್ತಿಗೂ ಗೊತ್ತಿಲ್ಲ.

ಶುಕ್ರವಾರ ರಜೆ. ಅಂದು ಕೊಟ್ಟೂರಿನ ಬಸ್ ಸ್ಟ್ಯಾಂಡ್ ಹತ್ತಿರದ ಎಸ್‌ಟಿಡಿ ಬೂತಿಗೆ ಫೋನ್ ಮಾಡುತ್ತಿದ್ದೆ. ಅಕ್ಕ ಸವಿತಾಳನ್ನು ಕರೆದುಕೊಂಡು ಬಂದು ಕಾಯುತ್ತಿದ್ದಳು. ಮೊದಮೊದಲು ಮಗಳು ಅಳುತ್ತಿದ್ದಳು, ಆಮೇಲೆ ಅಕ್ಕ ಹೇಳಿಕೊಟ್ಟಿದ್ದನ್ನು ಒಪ್ಪಿಸುತ್ತಿದ್ದಳು, ಆಮೇಲೆ ಆಟ ಬಿಟ್ಟು ಬಂದಿದ್ದಕ್ಕೆ ಸಿಡುಕುತ್ತಿದ್ದಳು. ಮೂರನೆಯ ವರ್ಷದ ಹೊತ್ತಿಗೆ ಅವಳ ಬಾಯಲ್ಲಿ ದೊಡ್ಡವ್ವನಾಗಿದ್ದ ನನ್ನಕ್ಕ ಅವ್ವ ಆಗಿದ್ದಳು. ನನಗೆ ಮಸ್ಕತ್ ಅವ್ವ ಎಂಬ ಹೆಸರು ಬಂದಿತ್ತು. ಅಕ್ಕನನ್ನು ದೂರಲಾರೆ. ಜ್ವರ ಬಂದಾಗ ಹಣೆ ಮುಟ್ಟಿದವಳನ್ನು ಕೂಸು ಅವ್ವ ಅನ್ನದೆ ಇನ್ನೇನಂದೀತು?

ಆದರೆ ಒಂದು ದಡ್ಡತನ ನಾನೇ ಮಾಡಿದೆ. ಭುಜ ತಟ್ಟಿಸಿಕೊಂಡ ಹುರುಪಿನಲ್ಲಿ ಫತಾಯರ್ ಮಾಡುವ ಬಗೆಯನ್ನೆಲ್ಲ ಅಕ್ಕನಿಗೆ ಕಾಗದದಲ್ಲಿ ಬರೆದುಬಿಟ್ಟೆ. ಲಹಮ್ ಅಂದರೆ ಏನು, ಜಿಬ್ನ ಅಂದರೆ ಏನು ಎಂದು ಬಿಡಿಸಿ ಬಿಡಿಸಿ. ನಾನು ಒಂದು ಚೂರೂ ಬಾಯಿಗಿಟ್ಟಿಲ್ಲ ಎಂಬುದನ್ನು ದೊಡ್ಡ ಸಾಹಸದಂತೆ ಬರೆದೆ. ಅಕ್ಕನ ಉತ್ತರದಲ್ಲಿ ಯೋಗಕ್ಷೇಮವೆಲ್ಲ ಮುಗಿದ ಮೇಲೆ ಕೊನೆಗೆ ಒಂದೇ ಸಾಲು ಇತ್ತು: ಲಿಂಗ ಕೊಳ್ಳಾಗ ಐತೇನು? ಸುಳ್ಳು ಬರೆಯಲು ಕೈ ಬರಲಿಲ್ಲ. ಬೆಳಿಗ್ಗೆ ಬಿಚ್ಚಿಡುತ್ತೇನೆ, ಸಂಜೆ ಕಟ್ಟಿಕೊಳ್ಳುತ್ತೇನೆ ಎಂದು ಬರೆದೆ. ಆಮೇಲೆ ಅವಳ ಯಾವ ಕಾಗದದಲ್ಲೂ ಆ ಮಾತು ಬರಲಿಲ್ಲ.

ಐದು ವರ್ಷ ತುಂಬಿದ ಮೇಲೆ ಎರಡು ತಿಂಗಳ ರಜೆ ಸಿಕ್ಕಿತು. ರಜೆ ಎಂದು ಮಾಮಾಳಿಗೆ ಹೇಳಿದ್ದೆ, ಮನಸ್ಸಿನಲ್ಲಿ ಬೇರೆಯೇ ಇತ್ತು. ತಿರುಗಿ ಹೋಗಬಾರದು. ಕೂಡ್ಲಿಗಿಯಲ್ಲಿ ಎರಡು ಖೋಲಿಯ ಬಾಡಿಗೆ ಮನೆ ಹಿಡಿಯಬೇಕು, ಏನಾದರೂ ತಿಂಡಿ ಮಾಡಿ ಮಾರಬೇಕು, ಮಗಳನ್ನು ಕರೆತಂದು ನಾವಿಬ್ಬರೇ ಇರಬೇಕು. ವಿಮಾನದಲ್ಲಿ ಕೂತು ಅವಳಿಗೆ ಏನೇನು ಮಾಡಿ ಉಣಿಸಬೇಕೆಂದು ಬೆರಳು ಮಡಚಿದ್ದೇ ಮಡಚಿದ್ದು.

ಅಕ್ಕ ನನ್ನನ್ನು ಅಪ್ಪಿಕೊಂಡು ಅತ್ತಳು. ಬಿಸಿ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ ಬಡಿಸಿದಳು. ಮೊದಲ ದಿನ ಹಿಟ್ಟು ನಾದಲು ಎದ್ದರೆ, ದಣಿದು ಬಂದಿದ್ದೀ ಕುಂದ್ರು ಅಂದಳು. ಎರಡನೆಯ ದಿನ ಹೆರಳು ಬಿಚ್ಚಿ ಒಣಗಿಸಿಕೋ ಅಂದಳು. ಮೂರನೆಯ ದಿನ ಸವಿತಾಗೆ ಅಂತ ಅಕ್ಕಿ ತೊಳೆದು ಒಲೆಯ ಮೇಲಿಡಲು ಹೋದೆ. ಅಕ್ಕ ಬಂದು ಪಾತ್ರೆಯ ಇನ್ನೊಂದು ಬದಿ ಹಿಡಿದುಕೊಂಡಳು.

"ಒಲಿ ಮುಟ್ಟಬ್ಯಾಡ ನೀಲಾ. ನಿನ್ನ ಬೈಯಾಕತ್ತಿಲ್ಲ ನಾ. ಲಿಂಗ ಪೂಜಿ ಆಗೋ ಮನಿ ಐತಿ, ನನ್ನ ಮನಸ ಒಪ್ಪವಲ್ದು."

ಅವಳ ಕಣ್ಣಲ್ಲೂ ನೀರಿತ್ತು. ನಾನು ಪಾತ್ರೆ ಬಿಟ್ಟೆ. ಮಗಳು ಬಾಗಿಲಲ್ಲಿ ನಿಂತು ಎಲ್ಲವನ್ನೂ ನೋಡಿದಳು. ಐದು ವರ್ಷ ಬೇರೆಯವರ ಮಕ್ಕಳ ಡಬ್ಬಿ ತುಂಬಿದ ಕೈಗೆ ಹೆತ್ತ ಮಗಳಿಗೆ ಒಂದು ಹಿಡಿ ಅನ್ನ ಬೇಯಿಸುವ ಹಕ್ಕಿರಲಿಲ್ಲ. ಅಂದು ಹಿತ್ತಲಿಗೆ ಹೋಗಿ ಬಿಕ್ಕಿ ಬಿಕ್ಕಿ ಅತ್ತೆ.

ಮುಂದಿನ ವಾರ, ಬಟ್ಟೆ ಕೊಡಿಸುತ್ತೇನೆ ಎಂದು ಸವಿತಾಳನ್ನು ಕೂಡ್ಲಿಗಿಗೆ ಕರೆದುಕೊಂಡು ಹೊರಟೆ. ಆಲೂಗಡ್ಡೆ ಈರುಳ್ಳಿ ಚೀಲದಲ್ಲಿತ್ತು, ಮಸ್ಕತ್ತಿನಿಂದ ತಂದಿದ್ದ ಜಿಬ್ನದ ಡಬ್ಬಿಯೂ ಇತ್ತು. ಬಸ್ಸಿಳಿದು ಮೊದಲು ಹೋದದ್ದು ಮೊಟ್ಟೆ ಬಳಸದ ಒಂದು ಬೇಕರಿಗೆ. ಹಾಸನದ ಕಡೆಯಿಂದ ಬಂದು ನೆಲೆಸಿದ್ದ ವಯಸ್ಸಾದ ಯಜಮಾನರು ಗಲ್ಲಾದಲ್ಲಿದ್ದರು. ಪಫ್ ಮಾಡುವ ಹಿಟ್ಟು ಹಸಿಯದೇ ಬೇಕು, ಇಲ್ಲೇ ತುಂಬಿ ನಿಮ್ಮ ಭಟ್ಟಿಯಲ್ಲೇ ಬೇಯಿಸಿಕೊಳ್ಳುತ್ತೇನೆ ಎಂದೆ. ಹಸಿ ಹಿಟ್ಟು ಕೇಳಿದವರು ನೀವೇ ಮೊದಲು ಎಂದು ಅವರು ನಕ್ಕರು. ಮಗಳಿಗಾಗಿ ಎಂದು ಹೇಳಿದೆ. ಅವರು ನನ್ನ ಮುಖ ನೋಡಿ, ಒಳಗೆ ಕರೆದು, ತೊಳೆದ ತಟ್ಟೆ, ಬೇರೆ ಒಲೆ ಕೊಟ್ಟರು.

ಆಲೂಗಡ್ಡೆ ಬೇಯಿಸಿ, ಈರುಳ್ಳಿ ಹುರಿದು, ಮೆಣಸು ಹಾಕಿ, ಜಿಬ್ನ ತೊಳೆದು ಬೆರೆಸಿದೆ. ಎಂಟು ಹಾಳೆ, ಎಂಟು ಮುಕ್ಕೋನ, ಎಲ್ಲಕ್ಕೂ ಜಡೆ ಹೆಣೆದೆ. ಮೊಟ್ಟೆಯ ಬದಲು ಹಾಲು ಸವರಿದೆ. ಸವಿತಾ ಬೆಂಚಿನ ಮೇಲೆ ಕೂತು ನನ್ನ ಬೆರಳುಗಳನ್ನೇ ನೋಡುತ್ತಿದ್ದಳು. ಎರಡು ದಿನದ ಹಿಂದೆ ಒಬ್ಬಳೇ ಬಂದು ನಾನು ನೋಡಿಟ್ಟಿದ್ದ ಬಾಡಿಗೆ ಮನೆ ಬೇಕರಿಯಿಂದ ಎರಡು ಓಣಿ ಆಚೆ ಇತ್ತು. ತಿಂದು ಮುಗಿಸಿದ ಮೇಲೆ ಅಲ್ಲಿಗೆ ಕರೆದೊಯ್ದು, ನನ್ನ ಕೂಡ ಇರ್ತೀಯೇನವ್ವಾ ಎಂದು ಕೇಳಬೇಕೆಂದು ದಾರಿಯುದ್ದಕ್ಕೂ ಮನಸ್ಸಿನಲ್ಲೇ ಹೇಳಿಕೊಂಡು ಬಂದಿದ್ದೆ.

ಭಟ್ಟಿಯಿಂದ ತೆಗೆದಾಗ ಅಂಗಡಿ ತುಂಬ ಘಮ ಹರಡಿತು. ಊದಿ ಊದಿ ಮುರಿದು ಅವಳ ಬಾಯಿಗೆ ಇಟ್ಟೆ. ತಿಂದಳು. ಎರಡನೆಯದನ್ನು ತಾನೇ ಕೈಯಲ್ಲಿ ಹಿಡಿದು ತಿಂದಳು. ಗದ್ದಕ್ಕೆ ಅಂಟಿದ ಪುಡಿಯನ್ನು ಸೆರಗಿನಿಂದ ಒರೆಸಿದರೆ ಮುಖ ತಿರುಗಿಸಲಿಲ್ಲ. ಐದು ವರ್ಷ ಕಾದದ್ದು ಇದಕ್ಕೇ ಎನಿಸಿ ಕಣ್ಣು ಮಂಜಾಯಿತು. ಅವಳು ತಟ್ಟೆಯ ಕಡೆ ನೋಡಿ ಮೆಲ್ಲಗೆ ಕೇಳಿದಳು.

"ಅವ್ವಗ ಒಂದು ಕಟ್ಟಿಸಿ ಕೊಡ್ರಿ. ಅಕಿಗಿ ಬಿಟ್ಟು ತಿಂದ್ರ ನಂಗ ಸೇರಂಗಿಲ್ಲ."

ಹೂಂ ಎಂದೆ.

"ಅಂಗಡ್ಯಾಗ ತಗೊಂಡಿದ್ದು ಅಂತ ಹೇಳ್ತೀನ್ರಿ. ನೀವು ಮಾಡಿದ್ದಂದ್ರ ಅವ್ವ ತಿನ್ನಂಗಿಲ್ಲ. ನೀವೂ ಹೇಳಬ್ಯಾಡ್ರಿ, ಹಾಂ?"

ಬಂದ ನೆಂಟರಿಗೆ ಆಡುವ ಹಾಗೆ, ಅಷ್ಟು ಮರ್ಯಾದೆಯಿಂದ ಹೇಳಿದಳು. ನಾನು ಯಜಮಾನರಿಂದ ಕಾಗದ ಇಸಿದುಕೊಂಡು ಉಳಿದ ಆರನ್ನೂ ಕಟ್ಟಿದೆ. ಆ ಮನೆಯ ಓಣಿಗೆ ಹೋಗಲಿಲ್ಲ. ಬಟ್ಟೆ ಕೊಡಿಸಿ ಮೂರು ಗಂಟೆಯ ಬಸ್ಸು ಹತ್ತಿದೆವು. ಪೊಟ್ಟಣ ಅವಳ ಮಡಿಲಲ್ಲೇ ಇತ್ತು, ಆರದಿರಲಿ ಎಂದು ಹೊಸ ಲಂಗದಲ್ಲಿ ಸುತ್ತಿಕೊಂಡಿದ್ದಳು. ಕೊಟ್ಟೂರಿನಲ್ಲಿ ಅಕ್ಕ ಜಗಲಿಯ ಮೇಲೆ ಕೂತು ಅದನ್ನು ತಿಂದಳು, ಚಲೋ ಆಗೈತಿ ಅಂದಳು. ಐದು ವರ್ಷದ ಮೇಲೆ ಅಕ್ಕ ನನ್ನ ಕೈಯಡುಗೆ ಉಂಡಳು, ಅದು ಅವಳಿಗೆ ಗೊತ್ತಾಗಲಿಲ್ಲ. ಮಗಳು ನನ್ನ ಕಡೆ ನೋಡಲೇ ಇಲ್ಲ.

ರಜೆ ಮುಗಿಯುವ ಮುಂಚೆಯೇ ಮಸ್ಕತ್ತಿಗೆ ಹೊರಟೆ. ಈಗ ಇಲ್ಲಿ ನನ್ನ ಅರಬ್ಬಿ ಮಾತು ಸಲೀಸಾಗಿದೆ. ಯಾವ ಅಂಗಡಿಯ ಹಾಳೆ ಒಳ್ಳೆಯದು, ಯಾವುದು ಹರಿಯುತ್ತದೆ ಎಂದು ಮಾಮಾಳ ಗೆಳತಿಯರು ನನ್ನನ್ನು ಕೇಳುತ್ತಾರೆ. ರೀಮ್ ನನ್ನ ಭುಜದೆತ್ತರ ಬಂದಿದ್ದಾಳೆ. ಕೊಟ್ಟೂರಿನ ಮನೆಯಲ್ಲಿ ನಾನು ನೆಂಟಳು, ಈ ಮನೆಯಲ್ಲಿ ಕೆಲಸದವಳು. ಎರಡೂ ಕಡೆ ನನ್ನನ್ನು ಚೆನ್ನಾಗಿಯೇ ನೋಡಿಕೊಳ್ಳುತ್ತಾರೆ, ಸುಳ್ಳು ಹೇಳಲಾರೆ.

ತಿರುಗಿ ಬಂದ ಮರುದಿನ ಬೆಳಿಗ್ಗೆ ಮಾಮಾ ಅಡುಗೆಮನೆಗೆ ಬಂದು, ಮಗಳಿಗೆ ಫತಾಯರ್ ಮಾಡಿಕೊಟ್ಟೆಯಾ, ಇಷ್ಟಪಟ್ಟಳಾ ಎಂದು ಕೇಳಿದಳು.

ಬಹಳ ಇಷ್ಟಪಟ್ಟಳು, ತನ್ನ ತಾಯಿಗೂ ಕಟ್ಟಿಸಿಕೊಂಡು ಹೋದಳು ಎಂದು ಅರಬ್ಬಿಯಲ್ಲಿ ಹೇಳಿದೆ. ಕನ್ನಡದಲ್ಲಾಗಿದ್ದರೆ ಆ ಮಾತು ಆಡಲಾಗುತ್ತಿರಲಿಲ್ಲ. ಮಾಮಾ ಅರ್ಥವಾಗದೆ ನನ್ನ ಮುಖ ನೋಡಿದಳು. ಶಾಲೆಗೆ ಹೊತ್ತಾಗಿತ್ತು, ನಾನು ಹಾಳೆ ಬಿಡಿಸತೊಡಗಿದೆ.