ರಾಜ ಹಾರಿದ ದಿನ

ಅಕ್ಕ ತೀರಿಕೊಂಡು ಮೂರು ತಿಂಗಳಾಯಿತು. ದೇವದುರ್ಗದಲ್ಲಿ ಅವಳು ಕಲಿಸುತ್ತಿದ್ದ ಶಾಲೆಯವರು, ಸಂತಾಪ ಸಭೆಯಲ್ಲಿ ಓದುವುದಕ್ಕೆ ಅವಳ ಚೆಸ್ ಸಾಧನೆಯ ಬಗ್ಗೆ ಎರಡು ಸಾಲು ಬರೆದುಕೊಡಿ ಎಂದು ಕೇಳಿದ್ದರು. ಬರೆದುಕೊಟ್ಟೆ. ಕಾಲೇಜಿನಲ್ಲಿದ್ದಾಗ ಜಿಲ್ಲೆಗೆ ಎರಡನೇ ಸ್ಥಾನ. ಮೂವತ್ತೆಂಟನೇ ವಯಸ್ಸಿನಲ್ಲಿ ರಾಜ್ಯ ಮಟ್ಟಕ್ಕೆ ಆಯ್ಕೆ. ಆ ಎರಡು ಸಾಲುಗಳ ನಡುವೆ ಹದಿನೇಳು ವರ್ಷ ಇದ್ದವು. ಅದನ್ನು ಯಾರೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ಈಗ ಬರೆಯುತ್ತಿದ್ದೇನೆ.

ನಮ್ಮಪ್ಪ ಮಾನ್ವಿಯಲ್ಲಿ ಟೇಲರ್. ಗಿರಾಕಿಗಳಿಲ್ಲದ ಹೊತ್ತಿನಲ್ಲಿ ಅಂಗಡಿಯಲ್ಲೇ ಶತರಂಜ್ ನಡೆಯುತ್ತಿತ್ತು. ಉಳಿದ ಪ್ಯಾಂಟಿನ ಬಟ್ಟೆ ಜೋಡಿಸಿ ಅಪ್ಪನೇ ಹೊಲಿದ ಹಾಸು. ಕಳೆದುಹೋದ ಒಂದು ಆನೆಯ ಬದಲಿಗೆ ಖಾಲಿ ದಾರದ ರೀಲು. ಊರಿನ ಹಿರಿಯರಿಂದ ಬಂದ ಹಳೆಯ ಆಟ ಅದು. ಪ್ಯಾದೆ ಯಾವಾಗಲೂ ಒಂದೇ ಮನೆ ನಡೆಯಬೇಕು. ರಾಜನನ್ನು ಆನೆಯ ಮರೆಗೆ ಸರಿಸುವ ಕ್ಯಾಸ್ಲಿಂಗ್ ಎಂಬುದಿಲ್ಲ. ಅದರ ಬದಲು, ಒಮ್ಮೆಯೂ ಶಹ, ಅಂದರೆ ಚೆಕ್, ಬೀಳದ ರಾಜ ಇಡೀ ಆಟದಲ್ಲಿ ಒಂದೇ ಒಂದು ಸಲ ಕುದುರೆಯ ಹಾಗೆ ಹಾರಬಹುದು. "ರಾಜ ಅಂದಮ್ಯಾಲ ಒಂದ್ಸಲನರ ಕುದರಿ ಏರಬೇಕಲ್ಲ" ಎನ್ನುತ್ತಿದ್ದ ಅಪ್ಪ.

ಅಕ್ಕ ಒಂಬತ್ತು ವರ್ಷದವಳಿದ್ದಾಗಲೇ ದೊಡ್ಡವರನ್ನು ಸೋಲಿಸುತ್ತಿದ್ದಳು. ಅಂಗಿಯ ಅಳತೆ ಕೊಡಲು ಬಂದ ರೈಸ್ ಮಿಲ್ಲಿನ ಗುಮಾಸ್ತರೊಬ್ಬರು ಒಂದೇ ಮಧ್ಯಾಹ್ನ ಮೂರು ಆಟ ಸೋತರು.

"ಏನಪಾ ಟೇಲರ್, ಮಗಳ ಕೈಯಾಗ ಕತ್ತರಿ ಕೊಟ್ಟೀ? ಮಂದಿ ಮಾನ ಕತ್ತರಸಾಕತ್ಯಾಳಲ್ಲ."

"ಅಳತಿ ತಪ್ಪಿದವರದಷ್ಟ ಕತ್ತರಸ್ತಾಳ್ರೀ" ಎಂದ ಅಪ್ಪ, ತಲೆ ಎತ್ತದೆ.

ರಾಯಚೂರಿನ ಕಾಲೇಜು ಸೇರಿದ ಮೇಲೆ ಅಕ್ಕ ಟೂರ್ನಮೆಂಟಿನ ನಿಯಮಗಳನ್ನು ಪುಸ್ತಕ ಓದಿ ಕಲಿತಳು. ಕಾಲೇಜಿನಲ್ಲಿ ಹೊಸ ಆಟ, ರಜೆಗೆ ಬಂದರೆ ಅಪ್ಪನ ಜೊತೆ ಹಳೆಯದು. ಗೊಂದಲ ಆಗುವುದಿಲ್ಲವೇ ಎಂದು ನಾನು ಕೇಳಿದ್ದೆ. "ಎರಡು ಜೋಡಿ ಚಪ್ಪಲಿ ಇದ್ದಂಗೋ. ಮನಿಗೊಂದು, ಊರಿಗೊಂದು" ಎಂದಿದ್ದಳು.

ಡಿಗ್ರಿಯ ಕೊನೆಯ ವರ್ಷ ರಾಯಚೂರಿನಲ್ಲಿ ಜಿಲ್ಲಾ ಆಯ್ಕೆ ಪಂದ್ಯ ನಡೆಯಿತು. ಮಹಿಳೆಯರಲ್ಲಿ ಒಬ್ಬಳಿಗೆ ಮಾತ್ರ ರಾಜ್ಯ ಮಟ್ಟಕ್ಕೆ ಹೋಗುವ ಅವಕಾಶ. ಕೊನೆಯ ಸುತ್ತಿಗೆ ಅಕ್ಕನೇ ಮುಂದಿದ್ದಳು; ಆಟ ಡ್ರಾ ಆದರೂ ಸಾಕಿತ್ತು. ಎದುರಿಗೆ ಶಕ್ತಿನಗರದ ಹುಡುಗಿ, ಒಳ್ಳೆಯ ತರಬೇತಿ ಪಡೆದವಳು. ಅಪ್ಪ ಅಂಗಡಿ ಮುಚ್ಚಿ ನನ್ನನ್ನೂ ಕರೆದುಕೊಂಡು ಬಂದಿದ್ದ. ಹಗ್ಗ ಕಟ್ಟಿದ ಆಚೆ ನಿಂತು ನೋಡುತ್ತಿದ್ದೆವು.

ಅಕ್ಕನ ರಾಜ ನಟ್ಟ ನಡುವೆ ಸಿಕ್ಕಿಕೊಂಡಿದ್ದ. ಎದುರಿನ ಮಂತ್ರಿ, ಕುದುರೆ ಎರಡೂ ಹತ್ತಿರ ಬಂದಿದ್ದವು. ಅವಳು ಬಹಳ ಹೊತ್ತು ಯೋಚಿಸಿದಳು. ಆಮೇಲೆ ರಾಜನನ್ನು ಎತ್ತಿ, ಎರಡು ಮನೆ ದಾಟಿಸಿ, ಒಂದು ಮನೆ ಪಕ್ಕಕ್ಕೆ ಇಟ್ಟು, ಗಡಿಯಾರ ಒತ್ತಿ, ಹಿಂದಕ್ಕೆ ಒರಗಿದಳು. "ಹಾಂ, ಹಂಗ" ಎಂದು ಅಪ್ಪ ನನ್ನ ಭುಜ ಒತ್ತಿದ. ನನಗೂ ಸಮಾಧಾನವಾಯಿತು. ಆ ಇಡೀ ಹಾಲ್‌ನಲ್ಲಿ ಅದರಲ್ಲಿ ತಪ್ಪು ಕಾಣದವರು ನಾವು ಮೂವರೇ.

ಶಕ್ತಿನಗರದ ಹುಡುಗಿ ಕೈ ಎತ್ತಿದಳು. ತೀರ್ಪುಗಾರರು ಬಂದು ನೋಡಿ, ರಾಜನನ್ನು ಮೊದಲಿನ ಮನೆಗೆ ಇಟ್ಟರು. ಮುಟ್ಟಿದ ಕಾಯಿಯನ್ನೇ ನಡೆಸಬೇಕು ಎಂಬುದು ನಿಯಮ. ರಾಜನಿಗೆ ಹೋಗಲು ಒಂದೇ ಮನೆ ಇತ್ತು. ಅಲ್ಲಿಗೆ ಹೋದರೆ ಅವಳದೇ ಮಂತ್ರಿ ಹೋಗುತ್ತದೆ. ಅಕ್ಕ ಅಲ್ಲಿಗೇ ನಡೆಸಿದಳು, ಆಟ ಸೋತಳು.

"ನಿಯಮ ಗೊತ್ತಿರಲಿಲ್ಲೇನಮ್ಮ?" ಎಂದು ಆಟ ಮುಗಿದ ಮೇಲೆ ತೀರ್ಪುಗಾರರು ಮೆಲ್ಲಗೆ ಕೇಳಿದರು.

"ನನಗ ಗೊತ್ತಿತ್ರೀ ಸರ್. ಕೈಗೆ ಗೊತ್ತಿದ್ದಿಲ್ಲ."

ಬಸ್ಸಿನಲ್ಲಿ ಅಪ್ಪ ಕಿಟಕಿಯ ಕಡೆಗೆ ಮುಖ ಮಾಡಿ ಕೂತಿದ್ದ. ಮಾನ್ವಿ ಇನ್ನೇನು ಬರಬೇಕು ಎನ್ನುವಾಗ, "ನನ್ನಿಂದಾತು" ಎಂದ.

"ಸುಮ್ಕಿರು ಯಪ್ಪಾ. ಇಷ್ಟು ದಿನ ಗೆದ್ದಾಗ ನಿನ್ನಿಂದಾತು ಅಂದಿಯೇನು?" ಎಂದಳು ಅಕ್ಕ.

ಅಪ್ಪ ಮರುದಿನ ಹಾಸು ಮಡಚಿ ಒಳಗಿಟ್ಟ. ಯಾರಾದರೂ ಆಟಕ್ಕೆ ಕರೆದರೆ ಕಣ್ಣು ಕಾಣವಲ್ದು ಎನ್ನುತ್ತಿದ್ದ. ಆದರೆ ಸೂಜಿಗೆ ದಾರವನ್ನು ಕನ್ನಡಕವಿಲ್ಲದೆ ಪೋಣಿಸುತ್ತಿದ್ದ. ಮಗಳಿಗೆ ತಪ್ಪು ಆಟ ಕಲಿಸಿದೆ ಎಂಬುದು ಅವನೊಳಗೆ ಕೂತುಬಿಟ್ಟಿತ್ತು. ಅಕ್ಕನಿಗೆ ಸೋತದ್ದಕ್ಕಿಂತ ಇದೇ ಹೆಚ್ಚು ನೋವಾಯಿತು ಎಂದು ನನಗೆ ತಿಳಿದದ್ದು ತಡವಾಗಿ.

ಅವಳು ದೇವದುರ್ಗದಲ್ಲಿ ಟೀಚರ್ ಆದಳು. ಮದುವೆ, ಇಬ್ಬರು ಮಕ್ಕಳು. ವರ್ಷಗಟ್ಟಲೆ ಟೂರ್ನಮೆಂಟಿನ ಮಾತೇ ಇರಲಿಲ್ಲ. ಶಾಲೆಯಲ್ಲಿ ಮಧ್ಯಾಹ್ನದ ಊಟವಾದ ಮೇಲೆ ಹೆಣ್ಣುಮಕ್ಕಳಿಗೆ ಮಾತ್ರ ಚೆಸ್ ಕಲಿಸುತ್ತಿದ್ದಳು. ಆಮೇಲೆ ಒಂದು ದಿನ ಫೋನ್ ಮಾಡಿ, ರಾಯಚೂರಿನ ಆಯ್ಕೆಗೆ ಹೆಸರು ಕೊಟ್ಟಿದ್ದೇನೆ ಎಂದಳು.

"ಈಗ್ಯಾಕಕ್ಕಾ?"

"ಆ ಸೀಟು ಇನ್ನಾ ನಂದಾಗಿಲ್ಲ."

ಬೆಳಗಿನ ಜಾವ ಎದ್ದು ಎಂಟು ತಿಂಗಳು ಅಭ್ಯಾಸ ಮಾಡಿದಳು. ನಡೆ ನಿರ್ಧಾರವಾಗುವ ತನಕ ಎರಡೂ ಅಂಗೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡು ಕೂಡುತ್ತಿದ್ದಳು. ನೋಡಿದರೆ ನಗು ಬರುತ್ತಿತ್ತು. ಒಬ್ಬ ಮನುಷ್ಯ ತನ್ನ ಕೈಗೆ ಮತ್ತೆ ಮೊದಲಿಂದ ಪಾಠ ಹೇಳುವುದನ್ನು ನಾನು ನೋಡಿದ್ದು ಅದೊಂದೇ ಸಲ.

ಪಂದ್ಯಕ್ಕೆ ಅಪ್ಪ ಬರಲೊಲ್ಲೆ ಎಂದ. ಅವಳೇ ಮಾನ್ವಿಗೆ ಹೋಗಿ ಕರೆತಂದಳು. ಅಲ್ಲಿದ್ದ ಹುಡುಗಿಯರೆಲ್ಲ ಅವಳ ವಯಸ್ಸಿನ ಅರ್ಧದಷ್ಟಿದ್ದರು. ಕೊನೆಯ ಸುತ್ತಿನಲ್ಲಿ ಎದುರಿಗಿದ್ದವಳು, "ಆಂಟಿ, ಡ್ರಾ ಮಾಡ್ಕೊಳ್ಳೋಣೇನ್ರಿ?" ಎಂದಳು.

"ಆಟ ಮುಗೀಲವ್ವಾ. ಆಮ್ಯಾಲ ಚಹಾ ಕೊಡಸ್ತೀನಿ."

ಮೂರೂವರೆ ತಾಸು ಆಡಿದರು. ಅಕ್ಕ ಗೆದ್ದಳು. ಹುಡುಗಿಗೆ ಚಹಾ ಕೊಡಿಸಿದಳು. ರಾಜ್ಯ ಮಟ್ಟದಲ್ಲಿ ಅವಳು ಕೆಳಗಿನ ಸಾಲಿನಲ್ಲೇ ಉಳಿದಳು. ಅದು ಅವಳಿಗೆ ಬೇಸರ ತಂದಂತೆ ನನಗೆ ಕಾಣಲಿಲ್ಲ. ಯಾಕೆಂದರೆ ಅವಳು ಬಂದ ಕೆಲಸ ಗೆದ್ದ ಆ ಸಂಜೆ ರಾಯಚೂರಿನಲ್ಲೇ, ಫಾರಂ ತುಂಬುವ ಮೇಜಿನ ಮುಂದೆ, ಮುಗಿದಿತ್ತು.

ರಾಜ್ಯ ಮಟ್ಟದ ಪ್ರವೇಶದ ಫಾರಂನಲ್ಲಿ ತರಬೇತುದಾರರ ಹೆಸರು ಎಂಬ ಜಾಗವಿತ್ತು. ಅಕ್ಕ ಅಪ್ಪನ ಹೆಸರು ಬರೆದು, ಪಕ್ಕದಲ್ಲಿ 'ಟೇಲರ್, ಮಾನ್ವಿ' ಎಂದು ಸೇರಿಸಿದಳು.

"ಇವರದು ಯಾವ ಅಕಾಡೆಮಿರೀ?" ಎಂದರು ಮೇಜಿನವರು.

"ಅಂಗಡಿ ಅದ್ರಿ. ಅಲ್ಲೇ ಕಲಸ್ತಾರ."

ಅಪ್ಪ ಅವಳ ಸೆರಗು ಜಗ್ಗಿದ. "ರೂಲ್ಸ್ ಗೊತ್ತಿಲ್ಲದವನ ಹೆಸರು ಬರದಿಯಲ್ಲ. ಯಾರರ ನಕ್ಕಾರು."

"ರೂಲ್ಸ್ ಪುಸ್ತಕದಾಗ ಇದ್ದವು ಯಪ್ಪಾ. ಆಟ ನಿನ್ನ ಹತ್ರ ಇತ್ತು." ಪೆನ್ನನ್ನು ಅವನ ಕೈಯಲ್ಲಿಟ್ಟು, ಸಹಿಯ ಜಾಗ ತೋರಿಸಿದಳು.

ಅಪ್ಪ ಬಗ್ಗಿ, ಒಂದೊಂದೇ ಅಕ್ಷರ ಬರೆದ. ಕೊನೆಯ ಅಕ್ಷರ ಗೆರೆ ದಾಟಿ ಪಕ್ಕದ ಖಾನೆಗೆ ಹೋಯಿತು. ಬೇರೆ ಫಾರಂ ಕೊಡಲೇ ಎಂದು ಮೇಜಿನವರು ಕೇಳಿದರು. ಅಕ್ಕ ಬೇಡ ಎಂದಳು.